ಟೇಪು ಕತ್ತರಿಸಿ ರಾಗ ಕಟ್ಟಿದಾಕೆ

ಅನುಪಾತದ ಲೆಕ್ಕ ಹೇಳಿಕೊಡುವ ದಿನ ತರಗತಿಯಲ್ಲಿ ಒಂದು ಪ್ರಶ್ನೆ ತಪ್ಪದೆ ಬರುತ್ತದೆ. “ಇದರಿಂದ ಮುಂದೆ ಎಂತ ಉಪಯೋಗ ಮಾಷ್ಟ್ರೇ?” ಕೇಳುವವರು ಹೆಚ್ಚಾಗಿ ಹಿಂದಿನ ಬೆಂಚಿನವರು. ಬ್ಯಾಂಕಿನ ಬಡ್ಡಿ, ಅಡಿಕೆಯ ಕ್ರಯ, ಸಿಮೆಂಟಿಗೆ ಹೊಯಿಗೆ ಬೆರೆಸುವ ಪ್ರಮಾಣ ಎಂದು ಏನಾದರೊಂದು ಹೇಳಿ ನಾವು ಅವರ ಬಾಯಿ ಮುಚ್ಚಿಸುವುದುಂಟು. ಕೆಲವು ವರ್ಷಗಳಿಂದ ನಾನು ಬೇರೊಂದು ಉತ್ತರವನ್ನು ಸಿದ್ಧಮಾಡಿ ಇಟ್ಟುಕೊಂಡಿದ್ದೇನೆ. ಅದು ಅನುಪಾತದ ಲೆಕ್ಕದಿಂದಲೇ ರಾಗ ಕಟ್ಟಿದ ಇಂಗ್ಲೆಂಡಿನ ಮಹಿಳೆಯೊಬ್ಬರ ಕಥೆ. ಅವರ ಹೆಸರು ಡೀಲಿಯಾ ಡಾರ್ಬಿಷರ್.

1963ರ ನವೆಂಬರ್ 23, ಶನಿವಾರ. ಅಮೆರಿಕದ ಅಧ್ಯಕ್ಷ ಕೆನಡಿ ಗುಂಡೇಟಿಗೆ ಬಲಿಯಾಗಿ ಒಂದು ದಿನ ಕಳೆದಿತ್ತಷ್ಟೆ. ಆ ಸಂಜೆ ಬಿ.ಬಿ.ಸಿ. ದೂರದರ್ಶನದಲ್ಲಿ ‘ಡಾಕ್ಟರ್ ಹೂ’ ಎಂಬ ಹೊಸ ಧಾರಾವಾಹಿ ಆರಂಭವಾಯಿತು. ಕಾಲದಲ್ಲೂ ಆಕಾಶದಲ್ಲೂ ಸಂಚರಿಸುವ ವಿಚಿತ್ರ ವೃದ್ಧನೊಬ್ಬನ ಕಥೆ ಅದು. ಅವನ ವಾಹನ ಹೊರಗಿನಿಂದ ನೋಡುವವರಿಗೆ ಬೀದಿ ಬದಿಯ ಪೊಲೀಸ್ ಫೋನಿನ ಗೂಡು, ಒಳಹೊಕ್ಕರೆ ಅರಮನೆಯಷ್ಟು ವಿಶಾಲ. ಮಕ್ಕಳಿಗೂ ದೊಡ್ಡವರಿಗೂ ಒಟ್ಟಿಗೆ ಎಂದು ಹೊರಟ ಈ ಧಾರಾವಾಹಿ 1989ರ ವರೆಗೆ ನಡೆಯಿತು, 2005ರಲ್ಲಿ ಮತ್ತೆ ಹೊಸದಾಗಿ ಆರಂಭವಾಯಿತು. ಕಥೆ ಗೊತ್ತಿಲ್ಲದವರಿಗೂ ಅದರ ಆರಂಭದ ಸಂಗೀತ ಗೊತ್ತಿರುತ್ತದೆ. ತಳದಲ್ಲಿ ಕುದುರೆಯ ಓಟದಂತೆ ಧಡಧಡಿಸುವ ಒಂದು ನಾದ, ಅದರ ಮೇಲೆ ಗಾಳಿಯಲ್ಲಿ ಊಳಿಡುತ್ತ ಏರುವ ಒಂದು ಸ್ವರ. ಮೊದಲ ಸಲ ಕೇಳಿದವರಿಗೆ ಇದು ಯಾವ ವಾದ್ಯ ಎಂಬುದೇ ಬಗೆಹರಿಯುತ್ತಿರಲಿಲ್ಲ. ಬಗೆಹರಿಯುವುದಾದರೂ ಹೇಗೆ? ಒಂದು ತಂತಿಯನ್ನು ಬಿಟ್ಟರೆ ಅದರಲ್ಲಿ ವಾದ್ಯವೇ ಇರಲಿಲ್ಲ.

ಡೀಲಿಯಾ ಹುಟ್ಟಿದ್ದು 1937ರ ಮೇ 5ರಂದು, ಕಾರ್ಖಾನೆಗಳ ಊರಾದ ಕೋವೆಂಟ್ರಿಯಲ್ಲಿ. ತಂದೆ ತಗಡಿನ ಕೆಲಸದವರು. 1940ರ ನವೆಂಬರ್ 14ರ ರಾತ್ರಿ ಜರ್ಮನರ ವಿಮಾನಗಳು ಕೋವೆಂಟ್ರಿಯ ಮೇಲೆ ಬಾಂಬಿನ ಮಳೆ ಸುರಿಸಿದವು. ಆಗ ಆ ಮಗುವಿಗೆ ಮೂರೂವರೆ ವರ್ಷ. ವಿಮಾನ ಬರುವ ಮುನ್ನ ಊಳಿಡುವ ಸೈರನ್, ಅಪಾಯ ಕಳೆಯಿತೆಂದು ಒಂದೇ ಸಮನೆ ಕೂಗುವ ಸೈರನ್ — ಈ ಎರಡು ಶಬ್ದಗಳು ತನ್ನ ಕಿವಿಯಲ್ಲಿ ಉಳಿದುಬಿಟ್ಟವೆಂದೂ, ಮೂಲವೇನೆಂದು ತಿಳಿಯದ ಆ ಶಬ್ದಗಳೇ ತಾನು ಕೇಳಿದ ಮೊದಲ ಇಲೆಕ್ಟ್ರಾನಿಕ್ ಸಂಗೀತವೆಂದೂ ಆಕೆ ಮುಂದೆ ಹೇಳಿಕೊಂಡದ್ದುಂಟು. ಬಾಂಬಿನ ಭಯದಿಂದ ಮಗುವನ್ನು ತಂದೆ-ತಾಯಿಯ ಹುಟ್ಟೂರಾದ ಪ್ರೆಸ್ಟನ್ನಿಗೆ ಕಳುಹಿಸಿದರು. ಅಲ್ಲಿ ಬೆಳಗಿನ ಜಾವ ಬಟ್ಟೆ ಗಿರಣಿಗೆ ಹೋಗುವ ಕೆಲಸಗಾರರ ಮರದ ಅಟ್ಟೆಯ ಬೂಟುಗಳು ಕಲ್ಲುಹಾಸಿನ ಮೇಲೆ ಟಕಟಕ ಸದ್ದು ಮಾಡುತ್ತಿದ್ದವು. ಅದೂ ಕಿವಿಯಲ್ಲಿ ಉಳಿಯಿತು. ಮನೆಯಲ್ಲಿ ಪುಸ್ತಕಗಳು ಹೆಚ್ಚಿರಲಿಲ್ಲ, ರೇಡಿಯೊ ಇತ್ತು. ತನ್ನ ವಿದ್ಯಾಭ್ಯಾಸವೆಲ್ಲ ರೇಡಿಯೊದಿಂದಲೇ ಆಯಿತು ಎಂಬರ್ಥದ ಮಾತನ್ನು ಆಕೆ ಕೊನೆಯ ವರೆಗೂ ಹೇಳುತ್ತಿದ್ದರು.

ಗಣಿತದಲ್ಲಿ ಚುರುಕಾಗಿದ್ದ ಹುಡುಗಿಗೆ ವಿದ್ಯಾರ್ಥಿವೇತನ ದೊರೆತು ಕೇಂಬ್ರಿಜಿನ ಗರ್ಟನ್ ಕಾಲೇಜಿಗೆ ಪ್ರವೇಶವಾಯಿತು. ಕೂಲಿಯವರ ಮನೆಯ ಹೆಣ್ಣುಮಗಳೊಬ್ಬಳು ಆ ಕಾಲದಲ್ಲಿ ಕೇಂಬ್ರಿಜಿಗೆ ಗಣಿತ ಕಲಿಯಲು ಹೋದದ್ದು ಸಣ್ಣ ಸಂಗತಿಯಲ್ಲ. ಅಲ್ಲಿ ಆಕೆ ಗಣಿತದಿಂದ ಸಂಗೀತಕ್ಕೆ ಹೊರಳಿ 1959ರಲ್ಲಿ ಎರಡನ್ನೂ ಸೇರಿಸಿದ ಪದವಿ ಪಡೆದರು. ಮುಂದೇನು? ಉದ್ಯೋಗದ ಸಲಹೆ ಕೊಡುವ ಕಚೇರಿಗೆ ಹೋಗಿ, ನನಗೆ ಶಬ್ದ, ಸಂಗೀತ, ಶ್ರವಣವಿಜ್ಞಾನ ಇವುಗಳಲ್ಲಿ ಆಸಕ್ತಿ ಎಂದರು. ಕಿವುಡರ ಯಂತ್ರ ತಯಾರಿಸುವಲ್ಲಿ ನೋಡು, ಇಲ್ಲವೇ ಸಮುದ್ರದ ಆಳ ಅಳೆಯುವವರಲ್ಲಿ ವಿಚಾರಿಸು ಎಂಬ ಸಲಹೆ ಸಿಕ್ಕಿತು. ಗ್ರಾಮಫೋನ್ ತಟ್ಟೆಗಳನ್ನು ತಯಾರಿಸುವ ಡೆಕ್ಕಾ ಕಂಪೆನಿಗೆ ಅರ್ಜಿ ಹಾಕಿದರೆ, ಮುದ್ರಣದ ಸ್ಟುಡಿಯೊಗಳಲ್ಲಿ ನಾವು ಹೆಂಗಸರನ್ನು ಸೇರಿಸುವುದಿಲ್ಲ ಎಂಬ ಉತ್ತರ ಬಂತು. ಸುತ್ತುಬಳಸಿನ ಮಾತಿಲ್ಲ, ನೇರ ಉತ್ತರ.

ಹೊಟ್ಟೆಪಾಡು ನಡೆಯಬೇಕಲ್ಲ. ಜಿನೀವಾದಲ್ಲಿ ಕೆಲವು ಕಾಲ ಮಕ್ಕಳಿಗೆ ಪಿಯಾನೊ ಪಾಠ, ಅಲ್ಲಿಯೇ ವಿಶ್ವಸಂಸ್ಥೆಗೆ ಸೇರಿದ ದೂರಸಂಪರ್ಕ ಸಂಘಟನೆಯಲ್ಲಿ ಕಚೇರಿ ಕೆಲಸ, ಮತ್ತೆ ಕೋವೆಂಟ್ರಿಗೆ ಬಂದು ಪ್ರಾಥಮಿಕ ಶಾಲೆಯಲ್ಲಿ ನಾಲ್ಕು ತಿಂಗಳು ಅಧ್ಯಾಪಿಕೆ. (ನಮ್ಮ ಪಂಗಡಕ್ಕೂ ಅವರು ನಾಲ್ಕು ತಿಂಗಳು ಸೇರಿದ್ದರು ಎಂಬುದು ನನಗೊಂದು ಸಣ್ಣ ಹೆಮ್ಮೆ.) ಕೊನೆಗೆ 1960ರ ನವೆಂಬರಿನಲ್ಲಿ ಬಿ.ಬಿ.ಸಿ.ಯಲ್ಲಿ ಸ್ಟುಡಿಯೊ ಸಹಾಯಕಿಯಾಗಿ ತರಬೇತಿಗೆ ಸೇರಿದರು. ಅಲ್ಲಿ ಹೊಸ ಗ್ರಾಮಫೋನ್ ತಟ್ಟೆಗಳನ್ನು ವಿಮರ್ಶಿಸುವ ಒಂದು ಕಾರ್ಯಕ್ರಮವಿತ್ತು. ತಟ್ಟೆಯ ಇಂಥ ಕಡೆ ಟ್ರಾಂಬೋನ್ ಬರುತ್ತದೆ, ಅದನ್ನು ಕೇಳಿಸಿ ಎಂದು ವಿಮರ್ಶಕರು ಹೇಳಿದರೆ ಡೀಲಿಯಾ ತಟ್ಟೆಯನ್ನು ಬೆಳಕಿಗೆ ಹಿಡಿದು, ಗೆರೆಗಳನ್ನು ಕಣ್ಣಲ್ಲೇ ನೋಡಿ, ಮುಳ್ಳನ್ನು ಸರಿಯಾಗಿ ಅದೇ ಜಾಗದಲ್ಲಿ ಇಡುತ್ತಿದ್ದರಂತೆ. ನೋಡಿದವರು ಮಾಟವೆಂದುಕೊಂಡರು. ಅವರಿಗೆ ಅದು ಬರೇ ಗೆರೆಗಳ ಓದು.

ಬಿ.ಬಿ.ಸಿ.ಯಲ್ಲಿ ‘ರೇಡಿಯೊಫೋನಿಕ್ ವರ್ಕ್‌ಶಾಪ್’ ಎಂಬ ಒಂದು ವಿಭಾಗವಿತ್ತು. 1958ರಲ್ಲಿ ಡ್ಯಾಫ್ನಿ ಓರಮ್ ಎಂಬ ಮಹಿಳೆಯೂ ಡೆಸ್ಮಂಡ್ ಬ್ರಿಸ್ಕೋ ಎಂಬವರೂ ಸೇರಿ ಕಟ್ಟಿದ್ದು. ಲಂಡನಿನ ಮೈಡಾ ವೇಲ್‌ನಲ್ಲಿ, ಹಿಂದೆ ಸ್ಕೇಟಿಂಗ್ ಆಡುವ ಸ್ಥಳವಾಗಿದ್ದ ಕಟ್ಟಡದ ಕೆಲವು ಕೋಣೆಗಳಲ್ಲಿ ಅದರ ವಾಸ. ನಾಟಕಗಳಿಗೆ, ಶಾಲಾ ಪಾಠಗಳಿಗೆ ಬೇಕಾಗುವ ವಿಚಿತ್ರ ಶಬ್ದಗಳನ್ನು ತಯಾರಿಸಿಕೊಡುವುದು ಅದರ ಕೆಲಸ. ಉಪಕರಣಗಳಲ್ಲಿ ಬಹುಪಾಲು ಬೇರೆ ವಿಭಾಗದವರು ಬೇಡವೆಂದು ಬಿಟ್ಟದ್ದು. ಅದು ಸಂಗೀತದ ವಿಭಾಗವೆಂದು ಯಾರೂ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಸಾಮಾನ್ಯವಾಗಿ ಅಲ್ಲಿಗೆ ಬರುವವರು ಮೇಲಿನವರು ಕಳುಹಿಸಿ ಬಂದವರು. ತಾನಾಗಿ ಹೋಗುತ್ತೇನೆಂದು ಡೀಲಿಯಾ ಕೇಳಿದಾಗ ಎಲ್ಲರಿಗೂ ಆಶ್ಚರ್ಯ. 1962ರಲ್ಲಿ ಅವರಿಗೆ ಅಲ್ಲಿಗೆ ವರ್ಗವಾಯಿತು.

ಮರುವರ್ಷ ಡಾಕ್ಟರ್ ಹೂ ಧಾರಾವಾಹಿಗೆ ಶೀರ್ಷಿಕೆ ಸಂಗೀತ ಬೇಕಾಯಿತು. ಆಸ್ಟ್ರೇಲಿಯದಲ್ಲಿ ಹುಟ್ಟಿದ ರಾನ್ ಗ್ರೇನರ್ ಆಗ ಇಂಗ್ಲೆಂಡಿನಲ್ಲಿ ಹೆಸರು ಮಾಡಿದ್ದ ಸಂಗೀತಗಾರರು. ಅವರು ಒಂದೇ ಹಾಳೆಯಲ್ಲಿ ರಾಗದ ಸ್ವರ ಬರೆದು ಕೊಟ್ಟರು. ಇಂಥಲ್ಲಿ ಗಾಳಿಯ ಗುಳ್ಳೆ, ಇಂಥಲ್ಲಿ ಮೋಡ ಎಂಬಂತಹ ಕೆಲವು ಸೂಚನೆಗಳು ಪಕ್ಕದಲ್ಲಿ. ಅಷ್ಟು ಕೊಟ್ಟು ಅವರು ರಜೆಗೆ ಹೊರಟುಹೋದರು. ಉಳಿದದ್ದು ಡೀಲಿಯಾ ಮತ್ತು ಅವರ ಸಹಾಯಕ ಡಿಕ್ ಮಿಲ್ಸ್ ಪಾಲಿಗೆ ಬಂತು.

ಇವತ್ತು ಮಕ್ಕಳ ಕೈಯ ಮೊಬೈಲಿನಲ್ಲೂ ಬೇಕಾದ ವಾದ್ಯದ ದನಿ ಹೊರಡುತ್ತದೆ. ಆಗ ಸಿಂಥೆಸೈಜರ್ ಎಂಬ ಯಂತ್ರ ಮಾರುಕಟ್ಟೆಗೆ ಬಂದಿರಲಿಲ್ಲ. ಹಲವು ದನಿಗಳನ್ನು ಬೇರೆಬೇರೆ ಸಾಲಿನಲ್ಲಿ ಹಿಡಿದಿಡುವ ಟೇಪು ಯಂತ್ರವೂ ಅವರಲ್ಲಿ ಇರಲಿಲ್ಲ. ಇದ್ದದ್ದೇನು? ಇಂಜಿನಿಯರುಗಳು ತಂತಿಗಳನ್ನು ಪರೀಕ್ಷಿಸಲು ಇಟ್ಟುಕೊಂಡ, ಒಂದೇ ಶ್ರುತಿಯಲ್ಲಿ ಕೂ ಎನ್ನುವ ಆಸಿಲೇಟರ್ ಎಂಬ ಪೆಟ್ಟಿಗೆಗಳು. ರೇಡಿಯೊದಲ್ಲಿ ನಿಲಯ ತಪ್ಪಿದಾಗ ಬರುವಂತಹ ‘ಸ್‌ಸ್’ ಎಂಬ ಗದ್ದಲ. ಮತ್ತೆ ಬಿಗಿದು ಕಟ್ಟಿದ ಒಂದು ತಂತಿ. ತಂತಿಯನ್ನು ಮೀಟಿ ಮುದ್ರಿಸಿದರು. ತಳದ ಆ ಧಡಧಡ ನಾದ ಹುಟ್ಟಿದ್ದು ಅದರಿಂದ. ಊಳಿಡುವ ಸ್ವರ ಆಸಿಲೇಟರಿನದು. ಬುಸ್ಸೆಂದು ಹಾಯುವ ಮೋಡಗಳು ಆ ಗದ್ದಲವನ್ನು ಸೋಸಿ ತೆಗೆದದ್ದು.

ಇಲ್ಲಿಗೆ ಬಂದಾಗ ನಾನು ಕರಿಹಲಗೆಯ ಕಡೆ ತಿರುಗುತ್ತೇನೆ. ಹಾರ್ಮೋನಿಯಂ ನೋಡಿದವರಿಗೆ ಗೊತ್ತು, ಒಂದು ಷಡ್ಜದಿಂದ ಮೇಲಿನ ಷಡ್ಜಕ್ಕೆ ಬಿಳಿ-ಕರಿ ಸೇರಿ 12 ಮೆಟ್ಟಿಲು. ಮೇಲಿನ ಷಡ್ಜದ ಕಂಪನ ಕೆಳಗಿನದರ ಸರಿಯಾಗಿ ಎರಡು ಪಟ್ಟು. ಮೆಟ್ಟಿಲುಗಳೆಲ್ಲ ಸಮನಾಗಿರಬೇಕಾದರೆ ಪ್ರತಿಯೊಂದಕ್ಕೂ ಒಂದೇ ಸಂಖ್ಯೆಯಿಂದ ಗುಣಿಸುತ್ತ ಹೋಗಬೇಕು. ಆ ಸಂಖ್ಯೆ ಸುಮಾರು 1.059. ಅದನ್ನು 12 ಸಲ ಗುಣಿಸಿ ನೋಡಿ, ಎರಡರ ಹತ್ತಿರ ಬಂದು ನಿಲ್ಲುತ್ತದೆ. ಇನ್ನು ಟೇಪಿನ ಲೆಕ್ಕ. ಟೇಪು ಸೆಕೆಂಡಿಗೆ 15 ಅಂಗುಲದಂತೆ ಓಡುವುದಾದರೆ ಅರ್ಧ ಸೆಕೆಂಡಿನ ಒಂದು ಸ್ವರ ಏಳೂವರೆ ಅಂಗುಲದ ಟೇಪಿನ ತುಂಡು. ಆ ಸ್ವರವನ್ನು ನಾಲ್ಕು ಮೆಟ್ಟಿಲು ಏರಿಸಬೇಕೆಂದರೆ ಟೇಪನ್ನು 1.26 ಪಟ್ಟು ವೇಗದಲ್ಲಿ ಓಡಿಸಿ ಇನ್ನೊಂದು ಟೇಪಿಗೆ ಇಳಿಸಿಕೊಳ್ಳಬೇಕು. ಆದರೆ ಶ್ರುತಿ ಏರಿದೊಡನೆ ಉದ್ದ ತಗ್ಗುತ್ತದೆ, ಏಳೂವರೆ ಅಂಗುಲ ಹೋಗಿ ಆರು ಅಂಗುಲವಾಗುತ್ತದೆ. ತಾಳ ತಪ್ಪದಿರಬೇಕಾದರೆ ಇದನ್ನೆಲ್ಲ ಮೊದಲೇ ಲೆಕ್ಕ ಹಾಕಿಟ್ಟುಕೊಂಡಿರಬೇಕು. ಕಾಲೇಜಿನಲ್ಲಿ ನಾವು ಕ್ಲಾರ್ಕ್ಸ್ ಟೇಬಲ್ ಎಂದು ಕರೆಯುತ್ತಿದ್ದೆವಲ್ಲ, ಅಂತಹ ಲಾಗರಿಥಂ ಪುಸ್ತಕವೊಂದು ಡೀಲಿಯಾರ ಮೇಜಿನ ಮೇಲೆ ಇರುತ್ತಿತ್ತು. ಸಂಗೀತಗಾರರ ಮೇಜಿನ ಮೇಲೆ ಲಾಗರಿಥಂ ಪುಸ್ತಕ!

ಹೀಗೆ ಒಂದೊಂದೇ ಸ್ವರವನ್ನು ಪ್ರತ್ಯೇಕವಾಗಿ ಮುದ್ರಿಸಿ, ಬ್ಲೇಡಿನಿಂದ ಕತ್ತರಿಸಿ, ಅಂಟುಪಟ್ಟಿ ಹಾಕಿ ಕೂಡಿಸಿದರು. ತಳದ ನಾದಕ್ಕೆ ಒಂದು ಟೇಪು, ರಾಗಕ್ಕೆ ಒಂದು, ಮೋಡ-ಗುಳ್ಳೆಗಳಿಗೆ ಒಂದು. ಕೊನೆಗೆ ಎಲ್ಲ ಯಂತ್ರಗಳನ್ನೂ ಒಂದೇ ಕ್ಷಣಕ್ಕೆ ಚಾಲೂ ಮಾಡಿ ಒಟ್ಟು ಸೇರಿಸಬೇಕು. ಸೇರಿಸಿದರೆ ಎಲ್ಲಿಯೋ ಒಂದು ಸ್ವರ ತಪ್ಪಿದೆ. ಎಲ್ಲಿ ಎಂದು ಕಿವಿಗೆ ಸಿಕ್ಕುವುದಿಲ್ಲ. ಆಗ ಅವರು ಟೇಪುಗಳನ್ನೆಲ್ಲ ಬಿಚ್ಚಿ ಮೈಡಾ ವೇಲ್‌ನ ಉದ್ದದ ಓಣಿಯಲ್ಲಿ ನೆಲದ ಮೇಲೆ ಒಂದರ ಪಕ್ಕ ಒಂದು ಹಾಸಿದರಂತೆ. ಅಂಟಿನ ಗುರುತುಗಳು ಒಂದಕ್ಕೊಂದು ಸರಿಹೊಂದಬೇಕು. ಹೊಂದದ ಜಾಗ ಎಲ್ಲಿದೆಯೋ ಅಲ್ಲಿಯೇ ತಪ್ಪು. ಇದನ್ನು ಡಿಕ್ ಮಿಲ್ಸ್ ಅನೇಕ ಸಲ ಹೇಳಿಕೊಂಡಿದ್ದಾರೆ. ಉತ್ತರಪತ್ರಿಕೆ ತಿದ್ದಿ ಕೂಡಿಸಿದ ಅಂಕ ತಾಳೆಯಾಗದಿದ್ದಾಗ ರಾತ್ರಿ ಪುನಃ ಎಲ್ಲವನ್ನೂ ಹರಡಿ ಕುಳಿತವರಿಗೆ ಆ ಓಣಿಯ ಚಿತ್ರ ಚೆನ್ನಾಗಿ ಕಣ್ಣಿಗೆ ಕಟ್ಟೀತು.

ರಜೆ ಮುಗಿಸಿ ಬಂದ ಗ್ರೇನರ್ ಕೇಳಿ ಬೆರಗಾದರು. ಇದನ್ನು ನಾನು ಬರೆದೆನೇ ಎಂದು ಕೇಳಿದರು. ಬಹುಪಾಲು ನೀವೇ ಎಂಬುದು ಡೀಲಿಯಾರ ಉತ್ತರ. ಆ ಉತ್ತರದಲ್ಲಿ ವಿನಯ ಎಷ್ಟು, ತುಂಟತನ ಎಷ್ಟು ಎಂದು ನಾನು ಆಗಾಗ ಯೋಚಿಸುವುದುಂಟು.

ಗ್ರೇನರ್ ದೊಡ್ಡ ಮನಸ್ಸಿನವರು. ಸಂಗೀತಕಾರರ ಹೆಸರಿನಲ್ಲಿ ಡೀಲಿಯಾರ ಹೆಸರೂ ಸೇರಬೇಕು, ಸಂಭಾವನೆಯಲ್ಲಿ ಪಾಲೂ ಸಿಗಬೇಕು ಎಂದು ಅವರು ಪ್ರಯತ್ನಿಸಿದರು. ಬಿ.ಬಿ.ಸಿ. ಒಪ್ಪಲಿಲ್ಲ. ಆಕೆ ಸಂಬಳಕ್ಕೆ ದುಡಿಯುವವರು, ವರ್ಕ್‌ಶಾಪಿನವರು ಹೆಸರಿಲ್ಲದೆ ಕೆಲಸ ಮಾಡಬೇಕೆಂಬುದು ಸಂಸ್ಥೆಯ ರೀತಿ. ಕಂತಿನ ಕೊನೆಯಲ್ಲಿ ಬಂದದ್ದು ಗ್ರೇನರ್ ಹೆಸರು ಮತ್ತು ವರ್ಕ್‌ಶಾಪಿನ ಹೆಸರು. ಗೌರವಧನ ಗ್ರೇನರ್ ಅವರಿಗೆ, ತಿಂಗಳ ಸಂಬಳ ಡೀಲಿಯಾರಿಗೆ. ರಾಗ ಗ್ರೇನರ್ ಅವರದೇ, ಅದರಲ್ಲಿ ಎರಡು ಮಾತಿಲ್ಲ. ಡೀಲಿಯಾರ ಅಭಿಮಾನಿಗಳಲ್ಲಿ ಕೆಲವರು ಈಗ ಗ್ರೇನರ್ ಅವರನ್ನು ಮರೆತೇಬಿಡುವಷ್ಟು ಮುಂದೆ ಹೋಗುತ್ತಾರೆ, ಅದೂ ನ್ಯಾಯವಲ್ಲ. ಆದರೆ ಆ ಹಾಳೆಯನ್ನು ಬೇರೊಬ್ಬರ ಕೈಗೆ ಕೊಟ್ಟಿದ್ದರೆ ಜನ ಅರುವತ್ತು ವರ್ಷ ನೆನಪಿಡುವ ಆ ದನಿ ಹುಟ್ಟುತ್ತಿರಲಿಲ್ಲ ಎಂಬುದೂ ಅಷ್ಟೇ ನಿಜ.

ವೈಜ್ಞಾನಿಕ ಕಥೆಗಳ ಕಡೆಗೆ ಆಕೆಯ ಕೆಲಸ ಇದೊಂದೇ ಅಲ್ಲ. ‘ಔಟ್ ಆಫ್ ದಿ ಅನ್‌ನೋನ್’ ಎಂಬ ಮಾಲಿಕೆಯಲ್ಲಿ 1967ರ ಜನವರಿ 1ರಂದು ಐಸಾಕ್ ಅಸಿಮೋವ್ ಅವರ ಕಥೆಯೊಂದನ್ನು ‘ದಿ ಪ್ರಾಫೆಟ್’ ಎಂಬ ಹೆಸರಿನಲ್ಲಿ ತೋರಿಸಿದರು. ಮನುಷ್ಯರು ತಮ್ಮನ್ನು ನಿರ್ಮಿಸಿದರೆಂದು ನಂಬಲೊಪ್ಪದ ರೋಬೋಟುಗಳು ಶಕ್ತಿಯಂತ್ರವನ್ನೇ ದೇವರೆಂದು ಪೂಜಿಸತೊಡಗುವ ಕಥೆ. ಆ ಯಂತ್ರಮಾನವರಿಗೊಂದು ಭಜನೆ ಬೇಕಾಯಿತು. ಡೀಲಿಯಾ ಮನುಷ್ಯರ ದನಿಯಲ್ಲೇ ಸ್ತುತಿಯನ್ನು ಮುದ್ರಿಸಿ, ಟೇಪನ್ನು ಹಿಂದುಮುಂದಾಗಿ ಓಡಿಸಿ, ತುಂಡುಮಾಡಿ ತಾಳಕ್ಕೆ ಕೂಡಿಸಿದರು. ಭಾಷೆಯಂತೆ ಕೇಳಿಸುತ್ತದೆ, ಯಾವ ಭಾಷೆಯೂ ಅಲ್ಲ. ಆ ಕಂತಿನ ಚಿತ್ರಮುದ್ರಿಕೆ ಇಂದು ಉಳಿದಿಲ್ಲ. ಭಜನೆ ಉಳಿದಿದೆ.

ಅವರಿಗೆ ಬಲು ಪ್ರಿಯವಾದ ವಾದ್ಯ ಒಂದು ಲೋಹದ ಹಸಿರು ಲ್ಯಾಂಪ್ ಶೇಡ್. ದೀಪದ ಮೇಲಿನ ಬರೇ ಒಂದು ಮುಚ್ಚಿಗೆ. ಬಡಿದರೆ ಗಂಟೆಯಂತೆ ಬಹಳ ಹೊತ್ತು ಅನುರಣಿಸುತ್ತಿತ್ತು. ಬಡಿದ ಪೆಟ್ಟಿನ ಸದ್ದನ್ನು ಕತ್ತರಿಸಿ ತೆಗೆದು, ಉಳಿದ ಅನುರಣನದಲ್ಲಿ ಯಾವ ಯಾವ ಸ್ವರಗಳು ಅಡಗಿವೆ ಎಂದು ಬಿಡಿಸಿ ನೋಡಿ, ಆಸಿಲೇಟರುಗಳಿಂದ ಅದನ್ನು ಪುನಃ ಕಟ್ಟಿದರು. ಸಹರಾ ಮರುಭೂಮಿಯ ತುವಾರೆಗ್ ಜನರ ಕುರಿತಾದ ಸಾಕ್ಷ್ಯಚಿತ್ರವೊಂದಕ್ಕೆ ಅದೇ ಸಂಗೀತವಾಯಿತು. ಒಂಟೆಗಳ ಹೆಜ್ಜೆ ಸದ್ದು ಆಕೆಯದೇ ಕಂಠವನ್ನು ತುಂಡರಿಸಿ ಮಾಡಿದ್ದು. ಬಿಸಿಲಿಗೆ ಮರಳು ನಡುಗುವುದನ್ನು ಕಣ್ಣಿನಿಂದ ನೋಡಬಹುದು. ಕಿವಿಯಿಂದ ಕೇಳಬಹುದು ಎಂದು ತೋರಿಸಿದ್ದು ಈ ಸಂಗೀತ. ಮುಂದೆ 1970ರ ‘ಇನ್‌ಫರ್ನೋ’ ಎಂಬ ಡಾಕ್ಟರ್ ಹೂ ಕಥೆಯಲ್ಲೂ ಇದನ್ನು ಬಳಸಿಕೊಂಡರು.

ಬಿ.ಬಿ.ಸಿ.ಯ ಹೊರಗೆ ಸಹೋದ್ಯೋಗಿ ಬ್ರಯನ್ ಹಾಡ್ಜ್‌ಸನ್ ಜೊತೆ ಸೇರಿ ಆಕೆ ಬೇರೆ ಕೆಲಸಗಳನ್ನೂ ಮಾಡಿದರು. (ಡಾಕ್ಟರನ ವಾಹನ ಹೊರಡುವಾಗಿನ ಏದುಸಿರಿನ ಸದ್ದು ಈ ಹಾಡ್ಜ್‌ಸನ್ ಅವರದು. ಹಳೆಯ ಪಿಯಾನೊದ ದಪ್ಪ ತಂತಿಯ ಮೇಲೆ ಮನೆಯ ಬೀಗದ ಕೈಯನ್ನು ಎಳೆದು ತೆಗೆದದ್ದು.) ಸಂಗೀತ ಭಂಡಾರವೊಂದಕ್ಕೆ ಇಬ್ಬರೂ ಮಾಡಿಕೊಟ್ಟ ತುಣುಕುಗಳನ್ನು ಮುಂದೆ ಐ.ಟಿ.ವಿ.ಯವರ ‘ದಿ ಟುಮಾರೋ ಪೀಪಲ್’ ಎಂಬ ಮಕ್ಕಳ ವೈಜ್ಞಾನಿಕ ಧಾರಾವಾಹಿಯಲ್ಲಿ ಉಪಯೋಗಿಸಿದರು. ಆದರೆ ಅಲ್ಲಿ ಡೀಲಿಯಾ ಇಟ್ಟುಕೊಂಡದ್ದು ‘ಲಿ ಡಿ ಲಾ ರೂಸ್’ ಎಂಬ ಗುಪ್ತನಾಮ. ತನ್ನ ಹೆಸರಿನ ಅಕ್ಷರಗಳನ್ನೂ ಕೆಂಚು ಕೂದಲಿನ ನೆನಪನ್ನೂ ಅದರಲ್ಲಿ ಬಚ್ಚಿಟ್ಟಿದ್ದರು. ಒಂದು ಕಡೆ ಹೆಸರೇ ಇಲ್ಲ, ಹೆಸರು ಬಂದ ಕಡೆ ಅದು ತನ್ನದಲ್ಲ!

1970ರ ಸುಮಾರಿಗೆ ವರ್ಕ್‌ಶಾಪಿಗೆ ಸಿಂಥೆಸೈಜರುಗಳು ಬಂದವು. ತಿಂಗಳ ಕೆಲಸ ದಿನದಲ್ಲಿ ಮುಗಿಯಬೇಕೆಂಬ ಅವಸರವೂ ಅದರೊಂದಿಗೆ ಬಂತು. 1972ರಲ್ಲಿ ಆ ದೊಡ್ಡ ಯಂತ್ರದಲ್ಲಿ ಡಾಕ್ಟರ್ ಹೂ ಸಂಗೀತವನ್ನು ಹೊಸದಾಗಿ ಮಾಡಿನೋಡಿದರು. ಮೇಲಿನವರಿಗೆ ಹಿಡಿಸಲಿಲ್ಲ. ಅಂಗುಲ ಅಳೆದು ಕತ್ತರಿಸಿದ ಹಳೆಯದನ್ನೇ ಮತ್ತೆ ಬಳಸಿದರು, ಅದು 1980ರ ವರೆಗೆ ನಡೆಯಿತು. ಡೀಲಿಯಾರಿಗೆ ಮಾತ್ರ ಮನಸ್ಸು ಮುರಿದಿತ್ತು. ಆ ವರ್ಷಗಳಲ್ಲಿ ಜಗತ್ತಿನ ಶ್ರುತಿಯೇ ತಪ್ಪಿತು, ಬಿ.ಬಿ.ಸಿ.ಯದೂ ತಪ್ಪಿತು ಎಂಬರ್ಥದಲ್ಲಿ ಮುಂದೆ ಹೇಳಿದರು. 1973ರಲ್ಲಿ ಕೆಲಸ ಬಿಟ್ಟರು. ಅದೇ ವರ್ಷ ಹಾಡ್ಜ್‌ಸನ್ ಜೊತೆಯಲ್ಲಿ ‘ದಿ ಲೆಜೆಂಡ್ ಆಫ್ ಹೆಲ್ ಹೌಸ್’ ಎಂಬ ಚಲನಚಿತ್ರಕ್ಕೆ ಸಂಗೀತ ಕೊಟ್ಟರು. ಪ್ರೇತವಿರುವ ಮನೆಯನ್ನು ವಿಜ್ಞಾನಿಯೊಬ್ಬ ಯಂತ್ರ ಹಿಡಿದು ಪರೀಕ್ಷಿಸುವ ಕಥೆ. ಆಮೇಲೆ ಸಂಗೀತದ ಲೋಕಕ್ಕೆ ಆಕೆ ಬಹುಮಟ್ಟಿಗೆ ಕಾಣೆಯಾದರು. ಅನಿಲದ ಕೊಳವೆ ಹಾಕುವವರಲ್ಲಿ ರೇಡಿಯೊ ಆಪರೇಟರ್, ಚಿತ್ರಶಾಲೆಯಲ್ಲಿ ಸಹಾಯಕಿ, ಪುಸ್ತಕದಂಗಡಿಯಲ್ಲಿ ಕೆಲಸ, ಹೀಗೆ ವರ್ಷಗಳು ಹೋದವು. ಕುಡಿತವೂ ಅಂಟಿಕೊಂಡಿತ್ತು. 1990ರ ದಶಕದ ಕೊನೆಗೆ ಹೊಸ ತಲೆಮಾರಿನ ಸಂಗೀತಗಾರರು ಹುಡುಕಿಕೊಂಡು ಬಂದರು, ಮತ್ತೆ ಸ್ವಲ್ಪ ಕೆಲಸ ಮೊದಲಾಗಿತ್ತು. 2001ರ ಜುಲೈ 3ರಂದು, 64ನೆಯ ವಯಸ್ಸಿನಲ್ಲಿ, ನಾರ್ತಾಂಪ್ಟನ್ನಿನಲ್ಲಿ ತೀರಿಕೊಂಡರು.

ಮನೆಯ ಅಟ್ಟದಲ್ಲಿ, ತಿಂಡಿಯ ಖಾಲಿ ರಟ್ಟಿನ ಪೆಟ್ಟಿಗೆಗಳಲ್ಲಿ 267 ಟೇಪು ಸುರುಳಿಗಳಿದ್ದವು. ಅಂಟು ಒಣಗಿ ಹೆಸರಿನ ಚೀಟಿಗಳು ಎಷ್ಟೋ ಉದುರಿಹೋಗಿದ್ದವು. 2007ರಲ್ಲಿ ಅವು ಮ್ಯಾಂಚೆಸ್ಟರ್ ವಿಶ್ವವಿದ್ಯಾಲಯ ಸೇರಿದವು. ಒಂದೊಂದಾಗಿ ಹಾಕಿ ಕೇಳುವಾಗ 1960ರ ದಶಕದ ಒಂದು ತುಣುಕು ಸಿಕ್ಕಿತು. ನೃತ್ಯಸಂಗೀತದ ಇಂದಿನ ಕಲಾವಿದರೊಬ್ಬರು ಅದನ್ನು ಕೇಳಿ, ಇದು ಈಗಿನದೆಂದರೂ ನಂಬಬಹುದೆಂದು ಬೆರಗಾದರು. 2017ರಲ್ಲಿ ಕೋವೆಂಟ್ರಿಯ ವಿಶ್ವವಿದ್ಯಾಲಯ ಮರಣೋತ್ತರವಾಗಿ ಗೌರವ ಡಾಕ್ಟರೇಟ್ ಕೊಟ್ಟಿತು. ಬಾಲ್ಯದ ಮನೆಯ ಗೋಡೆಗೆ ನೀಲಿ ಫಲಕವೂ ಬಂತು.

ಅದಕ್ಕೂ ಮೊದಲು, 2013ರ ನವೆಂಬರ್ 23ರಂದು, ಡಾಕ್ಟರ್ ಹೂಗೆ 50 ತುಂಬಿದ ದಿನ ವಿಶೇಷ ಕಂತೊಂದು ಪ್ರಸಾರವಾಯಿತು. ಅದರ ಕೊನೆಯಲ್ಲಿ ಶೀರ್ಷಿಕೆ ಸಂಗೀತದ ಸಾಲಿನಲ್ಲಿ ರಾನ್ ಗ್ರೇನರ್ ಹೆಸರಿನೊಂದಿಗೆ ಡೀಲಿಯಾ ಡಾರ್ಬಿಷರ್ ಎಂಬ ಹೆಸರು ಮೊದಲ ಬಾರಿಗೆ ಪರದೆಯ ಮೇಲೆ ಮೂಡಿತು. ಆಗ ಗ್ರೇನರ್ ತೀರಿಕೊಂಡು 32 ವರ್ಷ, ಡೀಲಿಯಾ ತೀರಿಕೊಂಡು 12 ವರ್ಷ ಕಳೆದಿತ್ತು. ಹಳೆಯ ಕಂತುಗಳು ಹೇಗಿದ್ದವೋ ಹಾಗೆಯೇ ಇವೆ. 1963ರ ಮೊದಲ ಕಂತನ್ನು ಇಂದು ಹಾಕಿ ನೋಡಿದರೂ ಕೊನೆಗೆ ಬರುವುದು ಗ್ರೇನರ್ ಹೆಸರು, ಅದರ ಜೊತೆಗೆ ಬಿ.ಬಿ.ಸಿ. ರೇಡಿಯೊಫೋನಿಕ್ ವರ್ಕ್‌ಶಾಪ್.